ಪುಸ್ತಕ ಮೈನಸ್ ನೂರೈವತ್ತೆರಡು ಆಗುವುದಿಲ್ಲ ಪುಟ್ಟಿ

ಮಂಡ್ಯ

ಚಿ. ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದಗಳು.

ಇತ್ತ ಎಲ್ಲರೂ ಕ್ಷೇಮ. ದಸರಾ ರಜೆ ಮುಗಿಸಿ ನೀನು ಮೈಸೂರಿನ ಹಾಸ್ಟೆಲಿಗೆ ಹೊರಟ ಮಾರನೆಯ ದಿನ ನಿನ್ನ ದೊಡ್ಡಮ್ಮ ಹಾಸಿಗೆ ಕೊಡವಿದಳು. ಅದರಡಿಯಿಂದ ಗಣಿತದ ಉತ್ತರ ಪತ್ರಿಕೆ ಜಾರಿ ಬಿತ್ತು. ಬೈಯುವುದಕ್ಕೆ ಬರೆಯುತ್ತಿಲ್ಲ, ಹೆದರಬೇಡ. ಹೋಟೆಲಿನ ಗಲ್ಲಾದ ಮೇಲೆ ಕುಳಿತು ಎರಡು ಸಲ ಓದಿದೆ.

ಪೆನ್ನಿಗೆ 10 ರೂಪಾಯಿ, ನೋಟ್‌ಪುಸ್ತಕಕ್ಕೆ 25. ಒಟ್ಟು 14 ಸಾಮಾನು, ಕೊಟ್ಟ ಹಣ 230. ಪೆನ್ನೆಷ್ಟು, ಪುಸ್ತಕವೆಷ್ಟು ಎಂಬುದು ಪ್ರಶ್ನೆ. ನೀನು ಎಕ್ಸ್ ಎಂದರೆ ಪೆನ್ನು, ವೈ ಎಂದರೆ ಪುಸ್ತಕ ಎಂದು ಬರೆದೆ. ಆಮೇಲೆ ಎರಡನ್ನೂ ಕೂಡಿಸಿ 230ಕ್ಕೆ ಸಮ ಮಾಡಿದೆ, ಹತ್ತು ಎಕ್ಸ್ ಮತ್ತು ಇಪ್ಪತ್ತೈದು ವೈಯನ್ನು 14ಕ್ಕೆ. ಅಲ್ಲಿಂದ ಮುಂದೆ ನಿನ್ನ ಗುಣಾಕಾರ, ವ್ಯವಕಲನಗಳಲ್ಲಿ ಒಂದು ತಪ್ಪೂ ಇಲ್ಲ. ಕೊನೆಗೆ ಪುಸ್ತಕಗಳು ಮೈನಸ್ 152.4 ಎಂದು ಬಂದಿದೆ, ಅದರ ಕೆಳಗೆ ಅಚ್ಚುಕಟ್ಟಾಗಿ ಎರಡು ಗೆರೆ! ಯಾವ ಅಂಗಡಿಯವನು ಮೈನಸ್ ಪುಸ್ತಕ ಕೊಡುತ್ತಾನೆ ಕಂದ?

ನಿನ್ನ ತೊಂದರೆ ಇರುವುದು ‘ಎಕ್ಸ್ ಎಂದರೆ ಪೆನ್ನು’ ಎಂಬ ಆ ಮೊದಲ ಸಾಲಿನಲ್ಲೇ. ಪೆನ್ನಿನ ಏನು? ಬೆಲೆಯೋ, ಸಂಖ್ಯೆಯೋ? ಬೆಲೆ ಪ್ರಶ್ನೆಯಲ್ಲೇ ಇದೆ, ಹಾಗಾಗಿ ಎಕ್ಸ್ ಎಂದರೆ ‘ಕೊಂಡ ಪೆನ್ನುಗಳ ಸಂಖ್ಯೆ’. ಇಷ್ಟುದ್ದ ಬರೆಯಲು ಸೋಮಾರಿತನ ಮಾಡಬೇಡ. ಬರೆದಿದ್ದರೆ ಸಂಖ್ಯೆಗೆ ಸಂಖ್ಯೆ ಕೂಡಿಸಿದರೆ ರೂಪಾಯಿ ಬರುವುದಿಲ್ಲವೆಂದು ನಿನಗೇ ಹೊಳೆಯುತ್ತಿತ್ತು.

ನಮ್ಮ ಹೋಟೆಲಿನಲ್ಲಿ ನಡೆದದ್ದನ್ನು ಹೇಳುತ್ತೇನೆ. ಒಂದು ಬೆಳಿಗ್ಗೆ ಸಪ್ಲೈಯರ್ ಹುಡುಗ ಬರೆದಿಟ್ಟಿದ್ದ ಚೀಟಿಗಳೆಲ್ಲ ಸಾಂಬಾರಿನಲ್ಲಿ ನೆನೆದು ಮುದ್ದೆಯಾದವು. ದೋಸೆ ಎಷ್ಟು ಹೋಯಿತೆಂದು ತಿಳಿಯದೆ ಮಾರನೆಯ ದಿನಕ್ಕೆ ಎಷ್ಟು ಹಿಟ್ಟು ರುಬ್ಬಿಸುವುದು? ತೊಳೆಯಲು ಬಿದ್ದ ತಟ್ಟೆ ಎಣಿಸಿದೆ, 52. ಗಲ್ಲಾದಲ್ಲಿ 2480 ರೂಪಾಯಿ. ಇಡ್ಲಿ 40, ದೋಸೆ 60. ಎಲ್ಲರೂ ಇಡ್ಲಿಯನ್ನೇ ತಿಂದಿದ್ದರೆ 2080 ಬರಬೇಕಿತ್ತು. 400 ಹೆಚ್ಚು ಬಂದಿದೆ. ಇಡ್ಲಿಯ ಜಾಗದಲ್ಲಿ ದೋಸೆ ತಿಂದ ಪ್ರತಿಯೊಬ್ಬನೂ 20 ಹೆಚ್ಚು ಕೊಟ್ಟಿರುತ್ತಾನೆ. ಅಂದರೆ ದೋಸೆ 20, ಇಡ್ಲಿ 32. ಆಗ ನನ್ನ ಕೈಯಲ್ಲಿ ಪೆನ್ನೂ ಇರಲಿಲ್ಲ.

ಎಕ್ಸ್, ವೈಗಳಲ್ಲಿ ಒಂದನ್ನು ತೆಗೆದುಹಾಕುವುದಕ್ಕೆ ನಿಮ್ಮ ಪುಸ್ತಕ ಕೊಟ್ಟ ‘ವರ್ಜಿಸುವ ವಿಧಾನ’ ಎಂಬ ದೊಡ್ಡ ಹೆಸರಿನ ಒಳಗಿರುವುದೂ ಇದೇ. ‘ಇಡ್ಲಿ ತಟ್ಟೆ, ದೋಸೆ ತಟ್ಟೆ ಸೇರಿ 52’ ಎಂಬ ತಟ್ಟೆಗಳ ಸಮೀಕರಣವನ್ನು 40ರಿಂದ ಗುಣಿಸಿ ಹಣದ ಸಮೀಕರಣದಿಂದ ಕಳೆಯುತ್ತೀಯಲ್ಲ, ಆ ಗುಣಿಸುವಿಕೆಯೇ ‘ಎಲ್ಲರೂ ಇಡ್ಲಿ ತಿಂದರು’ ಎಂಬ ಊಹೆ. ನಿಮ್ಮ ಮೇಷ್ಟ್ರು ಇದನ್ನು ಹೇಳಿಯೇ ಇರುತ್ತಾರೆ, ನೀನು ಕಿಟಕಿಯಾಚೆ ನೋಡುತ್ತಿದ್ದಿರಬೇಕು.

ಇನ್ನೊಂದು ಜಾತಿಯ ಲೆಕ್ಕದಲ್ಲಿ ಸಂಖ್ಯೆ ಗೊತ್ತಿರುತ್ತದೆ, ಬೆಲೆ ಗೊತ್ತಿರುವುದಿಲ್ಲ. ಅದಕ್ಕೆ ಎರಡು ಬಿಲ್ಲು ಬೇಕು. ನಮ್ಮ ನಾಡನ್ನು ಅಮೋಘವರ್ಷ ನೃಪತುಂಗ ಆಳುತ್ತಿದ್ದ 9ನೇ ಶತಮಾನದಲ್ಲಿ ಗಣಿತಜ್ಞ ಮಹಾವೀರಾಚಾರ್ಯ ತನ್ನ ‘ಗಣಿತಸಾರಸಂಗ್ರಹ’ ಗ್ರಂಥದಲ್ಲಿ ಇಂಥದ್ದೇ ಒಂದನ್ನು ಕೇಳಿದ್ದಾನೆ: 9 ಮಾದಲ ಹಣ್ಣು, 7 ಬೇಲದ ಹಣ್ಣು ಸೇರಿ 107, 7 ಮಾದಲ, 9 ಬೇಲ ಸೇರಿ 101. ಒಂದೊಂದರ ಬೆಲೆ ಎಷ್ಟು? ತಕ್ಷಣ 9ರಿಂದ, 7ರಿಂದ ಗುಣಿಸಲು ಹೊರಡಬೇಡ, ಸುಮ್ಮನೆ ಒಂದು ಗಳಿಗೆ ನೋಡು. ಎರಡು ಬಿಲ್ಲನ್ನೂ ಕೂಡಿಸಿದರೆ 16 ಮಾದಲ, 16 ಬೇಲ, 208. ಆದ್ದರಿಂದ ಒಂದು ಜೊತೆಗೆ 13. ಒಂದರಿಂದ ಇನ್ನೊಂದನ್ನು ಕಳೆದರೆ ಎರಡು ಮಾದಲಕ್ಕೂ ಎರಡು ಬೇಲಕ್ಕೂ ಇರುವ ಅಂತರ 6, ಒಂದಕ್ಕೆ 3. ಮಾದಲ 8, ಬೇಲ 5. ರಾಮನವಮಿಯ ಪಾನಕಕ್ಕೆ ಬೇಲದ ಹಣ್ಣು ಒಡೆಯುವಾಗಲೆಲ್ಲ ನನಗೆ ಈ ಲೆಕ್ಕ ನೆನಪಾಗುತ್ತದೆ, ದೊಡ್ಡಮ್ಮ ನಗುತ್ತಾಳೆ.

ಆದರೆ ಎರಡು ಬಿಲ್ಲು ಇದ್ದ ಮಾತ್ರಕ್ಕೆ ಸಾಲದು. ಎರಡು ಇಡ್ಲಿ ಒಂದು ಕಾಫಿಗೆ 100, ನಾಲ್ಕು ಇಡ್ಲಿ ಎರಡು ಕಾಫಿಗೆ 200 ಎಂದರೆ ಅದು ಹೇಳಿದ್ದನ್ನೇ ಎರಡು ಸಲ ಹೇಳಿದ ಹಾಗೆ. ಅದರಿಂದ ಕಾಫಿಯ ಬೆಲೆ ತಿಳಿಯುವುದಿಲ್ಲ.

ಉತ್ತರ ಬಂದ ಮೇಲೆ ಅದನ್ನು ಪ್ರಶ್ನೆಯ ಮಾತಿಗೇ ಹಾಕಿ ನೋಡು, ನಿನ್ನ ಸಮೀಕರಣಕ್ಕಲ್ಲ. ಸಮೀಕರಣವೇ ತಪ್ಪಿದ್ದರೆ ಅದು ತಪ್ಪು ಉತ್ತರಕ್ಕೂ ತಲೆಯಾಡಿಸುತ್ತದೆ. ಬೆಲೆ ಏಳೂವರೆ ರೂಪಾಯಿ ಇರಬಹುದು, ಪೆನ್ನು ಏಳೂವರೆ ಇರಲಾರದು. ನಿನ್ನ ಲೆಕ್ಕಕ್ಕೆ ಸರಿಯುತ್ತರ 8 ಪೆನ್ನು, 6 ಪುಸ್ತಕ. 80ಕ್ಕೆ 150 ಕೂಡಿಸಿಕೋ.

ದೊಡ್ಡಮ್ಮ ಕೋಡುಬಳೆ ಮಾಡಿದ್ದಾಳೆ, ಭಾನುವಾರ ಯಾರಾದರೂ ಆ ಕಡೆ ಬಂದರೆ ಕಳಿಸುತ್ತೇನೆ. ಉತ್ತರ ಪತ್ರಿಕೆ ಗಲ್ಲಾದ ಕೆಳಗಿನ ಡ್ರಾಯರಿನಲ್ಲಿದೆ, ನಿನ್ನ ಅಪ್ಪನಿಗೆ ತೋರಿಸಿಲ್ಲ. ದೀಪಾವಳಿಗೆ ಬಂದಾಗ ತೆಗೆದುಕೊಂಡು ಹೋಗು.

ಇಂತಿ,
ನಿನ್ನ ದೊಡ್ಡಪ್ಪ