ಇನ್ಸುಲಿನ್ ಭಯಕ್ಕೂ ಕಾರಣವಿದೆ: ಟೆಕ್ಸಸ್ ಆರೋಗ್ಯ ಆಯುಕ್ತರಿಗೊಂದು ಬಹಿರಂಗ ಪತ್ರ

ಮಾನ್ಯರೇ,

ಮೆಕ್ಸಿಕೊ ಗಡಿಗೆ ಹೊಂದಿದ ರಿಯೊ ಗ್ರಾಂಡೆ ಕಣಿವೆಯ ಮೆಕ್ಸಿಕನ್-ಅಮೆರಿಕನ್ ಹಿರಿಯರಲ್ಲಿ ಎಷ್ಟೋ ಮಂದಿ ಇನ್ಸುಲಿನ್ ಬೇಡವೆನ್ನುತ್ತಾರೆ. ಚುಚ್ಚಿಸಿಕೊಂಡರೆ ಕಣ್ಣು ಹೋಗುತ್ತದೆಂಬ ಭಯ. ದಯವಿಟ್ಟು ಇದನ್ನು ಮೂಢನಂಬಿಕೆ ಎಂದು ತಳ್ಳಿಹಾಕಬೇಡಿ. ವರ್ಷಗಟ್ಟಲೆ ಮಾತ್ರೆಯಲ್ಲೇ ಕಾಲ ತಳ್ಳಿ, ಅಕ್ಷಿಪಟಲ, ಮೂತ್ರಪಿಂಡ ಹದಗೆಟ್ಟ ಮೇಲೆ ಸೂಜಿ ಶುರುವಾಗುತ್ತದೆ. ಅದಾಗಿ ಆರು ತಿಂಗಳಿಗೆ ಅಜ್ಜನ ದೃಷ್ಟಿ ಹೋದರೆ ಮನೆಯವರು ಬೇರೇನು ತಿಳಿಯಬೇಕು? ತಡ ಮಾಡಿದವರು ನಾವು, ಅಪವಾದ ಇನ್ಸುಲಿನ್ನಿಗೆ.

ಟೈಪ್ 2 ಮಧುಮೇಹ ಪತ್ತೆಯಾದಾಗಲೇ ಪಾಪೆ ಹಿಗ್ಗಿಸಿ ಕಣ್ಣು ಪರೀಕ್ಷಿಸಿ, ಆಗಿರುವ ಹಾನಿಯನ್ನು ರೋಗಿಯ ಮಗಳ ಎದುರೇ ತೋರಿಸಬೇಕು. ಮುಂದೊಮ್ಮೆ ಇನ್ಸುಲಿನ್ ಬೇಕಾಗಬಹುದೆಂದು ಅಂದೇ ಹೇಳಬೇಕು. 4 ಮಿಲಿಮೀಟರ್ ಉದ್ದದ ಪೆನ್ ಸೂಜಿಯನ್ನು ಕೈಗೆ ಕೊಟ್ಟು ನೋಡಿ, ಅರ್ಧ ಅಂಜಿಕೆ ಅಲ್ಲೇ ಇಳಿಯುತ್ತದೆ.

ಸಕ್ಕರೆ ಕಾಯಿಲೆ 'ಸುಸ್ತೋ'ದಿಂದ, ಅಂದರೆ ಬೆಚ್ಚಿಬಿದ್ದದ್ದರಿಂದ, ಬಂತೆಂದು ಹಲವರು ನಂಬುತ್ತಾರೆ. ಅದರ ಮೇಲೆ ವಾದ ಬೇಡ. ಅದಕ್ಕೆ ಯಾವ ಮನೆಮದ್ದು ಮಾಡುತ್ತಿದ್ದೀರಿ ಎಂದಷ್ಟೇ ಕೇಳಿ. ನೊಪಾಲ್ ಕಳ್ಳಿಯನ್ನು ಪಲ್ಯದಂತೆ ತಿಂದರೆ ಒಳ್ಳೆಯದೇ. ಆದರೆ ಅದರ ಪುಡಿ ತುಂಬಿದ ಕ್ಯಾಪ್ಸೂಲ್ ನುಂಗಿ, ಸಕ್ಕರೆ ಇಳಿಸುವ ಗ್ಲಿಪಿಜೈಡ್‌ನಂಥ ಮಾತ್ರೆಯನ್ನೂ ತೆಗೆದುಕೊಂಡು ಊಟ ಬಿಟ್ಟರೆ ಸಕ್ಕರೆ ಕುಸಿದು ಕೈ ನಡುಗಿ ಬೆವರುತ್ತದೆ. ವಯಸ್ಸಾದವರು ಬೀಳುತ್ತಾರೆ, ಸೊಂಟ ಮುರಿಯುತ್ತದೆ.

ನಿಜಕ್ಕೂ ಅಪಾಯಕಾರಿ ಒಂದಿದೆ. ಹೊಟ್ಟೆ ಕಟ್ಟಿದ 'ಎಂಪಾಚೊ'ಗೆ ಕೊಡುವ ಹಳದಿ ಗ್ರೇತಾ, ಕಿತ್ತಳೆ ಬಣ್ಣದ ಅಸಾರ್ಕೋನ್ ಪುಡಿಗಳು ಬಹುಪಾಲು ಸೀಸವೇ. ಅಜ್ಜಿ ಅಕ್ಕರೆಯಿಂದ ಮೊಮ್ಮಗುವಿಗೆ ನೆಕ್ಕಿಸುತ್ತಾಳೆ. ಗದರಿದರೆ ಡಬ್ಬಿ ಅಡಗುತ್ತದೆ, ಪುಡಿ ನಿಲ್ಲುವುದಿಲ್ಲ. ಡಬ್ಬಿ ತರಿಸಿ, ಅದೇ ದಿನ ಮಗುವಿನ ರಕ್ತದಲ್ಲಿ ಸೀಸ ಅಳೆಯಬೇಕು. ಡೆಸಿಲೀಟರಿಗೆ 3.5 ಮೈಕ್ರೋಗ್ರಾಂ ಮುಟ್ಟಿದರೂ ಮುಂದಿನ ತಪಾಸಣೆ ತಪ್ಪಿಸಬಾರದು. ಮೊಟ್ಟೆ ನಿವಾಳಿಸಿ 'ಓಹೊ', ಅಂದರೆ ಕೆಟ್ಟ ದೃಷ್ಟಿ, ತೆಗೆದರೆ ಯಾವ ಕೇಡೂ ಇಲ್ಲ. ಉಪ್ಪು, ಮೆಣಸಿನಕಾಯಿ ನಿವಾಳಿಸಿ ದೃಷ್ಟಿ ತೆಗೆಯುವ ನಮ್ಮವರಿಗೆ ಅದನ್ನು ಬಿಡಿಸಿ ಹೇಳಬೇಕಿಲ್ಲ.

ಹಿರಿಯರು ವೈದ್ಯರೆದುರು ಹೂಂಗುಟ್ಟುವುದು 'ರೆಸ್ಪೆತೊ', ಮರ್ಯಾದೆಗೆ. ಆದ್ದರಿಂದ 'ಅರ್ಥವಾಯಿತೇ' ಎಂಬ ಪ್ರಶ್ನೆ ವ್ಯರ್ಥ. 'ಮನೆಗೆ ಹೋಗಿ ಮಗಳಿಗೆ ಏನು ಹೇಳುತ್ತೀರಿ?' ಎಂದು ಸ್ಪ್ಯಾನಿಷ್‌ನಲ್ಲಿ ಕೇಳಬೇಕು. ದುಭಾಷಿ ಕೆಲಸಕ್ಕೆ ಶಾಲೆಗೆ ಹೋಗುವ ಮೊಮ್ಮಗನನ್ನು ಕೂರಿಸಬಾರದು. ಅಜ್ಜಿ ಮೂತ್ರದ ತೊಂದರೆಯನ್ನು ಅವನೆದುರು ಎಂದೂ ಬಾಯಿಬಿಡಳು.

ಇದನ್ನೆಲ್ಲ ಬಲ್ಲವರು 'ಪ್ರೊಮೊತೋರಾ'ಗಳು, ಅಂದರೆ ಆ ಸಮುದಾಯದ್ದೇ ಆರೋಗ್ಯ ಕಾರ್ಯಕರ್ತೆಯರು. ನಿಮ್ಮದೇ ರಾಜ್ಯ 160 ಗಂಟೆ ತರಬೇತಿಗೆ ಪ್ರಮಾಣಪತ್ರ ಕೊಡುತ್ತದೆ. ಆದರೆ ಅನುದಾನ ಮುಗಿದರೆ ಅವರ ಕೆಲಸವೂ ಮುಗಿಯುತ್ತದೆ. ಅವರ ಸಂಬಳವನ್ನು ಖಾಯಂ ಬಜೆಟ್‌ಗೆ ಸೇರಿಸಿ. ಮೊದಲ ಇನ್ಸುಲಿನ್ ಚುಚ್ಚುವ ವಾರ ಅವರು ಆ ಮನೆಯ ಅಡುಗೆಮನೆಯಲ್ಲಿರಬೇಕು.

ಇಂತಿ,
ಈ ಹಿರಿಯರ ಆರೈಕೆ ಮಾಡುವ ಕನ್ನಡಿಗ ವೈದ್ಯರು, ದಾದಿಯರು