ಕೊಲಾಬಾ ಸ್ಟೇಷನ್ನಿನ ಕಥೆ ಮಕ್ಕಳಿಗೆ ಕನ್ನಡದಲ್ಲಿ ಸಿಗಲಿ: ದೇಣಿಗೆಗಾಗಿ ಮನವಿ

ಮುಂಬಯಿಯ ಕನ್ನಡ ಬಂಧುಗಳಿಗೆ, ನಮ್ಮ ಶಾಲೆಯ ಹಳೆ ವಿದ್ಯಾರ್ಥಿಗಳಿಗೆ ನಮಸ್ಕಾರ.

ಇವತ್ತು ವೆಸ್ಟರ್ನ್ ಲೈನಿನ ಹಳಿ ಚರ್ಚ್‌ಗೇಟಿನಲ್ಲಿ ಮುಗಿಯುತ್ತದೆ. 1930ರವರೆಗೆ ಅದು ಅಲ್ಲಿಗೆ ಮುಗಿಯುತ್ತಿರಲಿಲ್ಲ. ಬ್ಯಾಕ್ ಬೇ ದಂಡೆಯ ಉದ್ದಕ್ಕೂ ಇನ್ನಷ್ಟು ದಕ್ಷಿಣಕ್ಕೆ ಹೋಗಿ ಕೊಲಾಬಾ ಟರ್ಮಿನಸ್ ಸೇರುತ್ತಿತ್ತು. ಆ ಸ್ಟೇಷನ್ ಈಗಿಲ್ಲ. ಆ ಜಾಗದಲ್ಲಿ ರೈಲ್ವೆ ಅಧಿಕಾರಿಗಳ ವಸತಿ ಬಡಾವಣೆ ಬಧ್ವಾರ್ ಪಾರ್ಕ್ ಇದೆ. ನಮ್ಮ ಎಷ್ಟೋ ಮಕ್ಕಳು ಅದರ ಮುಂದೆಯೇ ದಿನಾ ಓಡಾಡುತ್ತಾರೆ. ಅಲ್ಲಿ ಏನಿತ್ತು ಎಂದು ಹೇಳುವ ಒಂದು ಕನ್ನಡ ಪುಸ್ತಕವೂ ನಮ್ಮ ಶಾಲೆಯ ಲೈಬ್ರರಿಯಲ್ಲಿ ಇಲ್ಲ. ಅದನ್ನು ನಾವೇ ಮಾಡೋಣ ಎಂದು ಹೊರಟಿದ್ದೇವೆ. ಅದಕ್ಕೆ ಈ ಮನವಿ.

ಕಥೆ ಸ್ವಲ್ಪ ಹೇಳಲೇಬೇಕು. ಬಾಂಬೆ, ಬರೋಡಾ ಅಂಡ್ ಸೆಂಟ್ರಲ್ ಇಂಡಿಯಾ ರೈಲ್ವೆ (ಈಗಿನ ಪಶ್ಚಿಮ ರೈಲ್ವೆಯ ಮೂಲ) ಗುಜರಾತಿನ ಕಡೆಯಿಂದ ಹಳಿ ಹಾಕುತ್ತಾ 1864ರಲ್ಲಿ ಗ್ರಾಂಟ್ ರೋಡ್ ತಲುಪಿತು. ಅಲ್ಲಿಗೇ ಸುಮ್ಮನಿರಲಿಲ್ಲ. ಆಗ ಹತ್ತಿಯ ದೊಡ್ಡ ಪೇಟೆ ಇದ್ದದ್ದು ಕೊಲಾಬಾದಲ್ಲಿ. ಕಾಟನ್ ಗ್ರೀನ್ ಎನ್ನುವ ಆ ಪೇಟೆ ಶಿವಡಿ ಕಡೆಗೆ ಹೋದದ್ದು ಆಮೇಲೆ. ಗುಜರಾತಿನ ಹತ್ತಿ ನೇರವಾಗಿ ಆ ಪೇಟೆಗೇ ಬಂದು ಬೀಳಬೇಕು ಅಂದರೆ ಹಳಿ ಅಲ್ಲಿಯವರೆಗೂ ಬೇಕಿತ್ತು. ಕೊಲಾಬಾದ ಹೊಸ ಟರ್ಮಿನಸ್ ಕಟ್ಟಡ 1896ರಲ್ಲಿ ಎದ್ದಿತು. ದೂರದ ಊರಿನ ಗಾಡಿಗಳೂ ಲೋಕಲ್ಲುಗಳೂ ಅಲ್ಲಿಂದಲೇ ಹೊರಡುತ್ತಿದ್ದವು. ಮರೀನ್ ಡ್ರೈವ್ ಆಗ ಇರಲಿಲ್ಲ. ಹಳಿಯ ಪಕ್ಕದಲ್ಲೇ ಸಮುದ್ರ!

ಆ ಸಮುದ್ರವೇ ಸ್ಟೇಷನ್ನಿನ ಬಾಳು ಮುಗಿಸಿತು ಅಂದರೂ ತಪ್ಪಿಲ್ಲ. 1920ರ ದಶಕದಲ್ಲಿ ಸರ್ಕಾರ ಬ್ಯಾಕ್ ಬೇ ತುಂಬಿಸಿ ಹೊಸ ನೆಲ ಮಾಡುವ ಕೆಲಸಕ್ಕೆ ಕೈಹಾಕಿತು. ದುಡ್ಡು ನೀರಿನಂತೆ ಹೋಯಿತು. ಗವರ್ನರ್ ಲಾಯ್ಡ್ ಅವರ ಮೂರ್ಖತನ ಎಂದು ಜನ ಆಡಿಕೊಂಡರು. ವಕೀಲ ಕೆ.ಎಫ್. ನರಿಮನ್ ಇದರಲ್ಲಿ ಭ್ರಷ್ಟಾಚಾರ ನಡೆದಿದೆ ಎಂದು ಬಹಿರಂಗವಾಗಿ ಹೇಳಿದರು. ಹಾರ್ವೆ ಎಂಬ ಎಂಜಿನಿಯರ್ ಅವರ ಮೇಲೆ ಮಾನನಷ್ಟದ ಕೇಸು ಹಾಕಿದ. ಗೆದ್ದವರು ನರಿಮನ್. ನರಿಮನ್ ಪಾಯಿಂಟ್ ಹೆಸರು ಅವರದೇ. ಈ ಭಾಗ ಪುಸ್ತಕದಲ್ಲಿ ಜಾಸ್ತಿ ಇರುತ್ತದೆ, ಮಕ್ಕಳು ಖುಷಿಯಿಂದ ಓದುವ ಕಥೆ ಇದು.

ಹೊಸ ನೆಲ ಬರಬೇಕಿದ್ದ ಕಡೆ ಹಳಿಯ ಪಟ್ಟಿ ಅಡ್ಡವಾಗಿತ್ತು. ಚರ್ಚ್‌ಗೇಟಿನಿಂದ ಆಚೆಯ ಹಳಿ ತೆಗೆಯಬೇಕೆಂದು ತೀರ್ಮಾನವಾಯಿತು. ವಿಚಿತ್ರ ನೋಡಿ, ಅದೇ ಹೊತ್ತಿಗೆ, 1928ರ ಜನವರಿಯಲ್ಲಿ, ಕೊಲಾಬಾದಿಂದ ಬೊರಿವಲಿಗೆ ಕರೆಂಟಿನ ಲೋಕಲ್ ಶುರುವಾಗಿತ್ತು. ಅಷ್ಟು ಖರ್ಚು ಮಾಡಿ ಎಳೆದ ತಂತಿ ಕೊಲಾಬಾಕ್ಕೆ ಮೂರು ವರ್ಷವೂ ದಕ್ಕಲಿಲ್ಲ. 1930ರ ಡಿಸೆಂಬರ್ 18ರಂದು ಬಾಂಬೆ ಸೆಂಟ್ರಲ್ ತೆರೆಯಿತು. ಕ್ಲಾಡ್ ಬ್ಯಾಟ್ಲಿ ವಿನ್ಯಾಸ ಮಾಡಿದ ಆ ಸ್ಟೇಷನ್ ಕಟ್ಟಲು ಹಿಡಿದದ್ದು 21 ತಿಂಗಳು. ದೂರದ ಗಾಡಿಗಳು ಅಲ್ಲಿಗೆ ಹೋದವು, ಲೋಕಲ್ಲುಗಳು ಚರ್ಚ್‌ಗೇಟಿನಲ್ಲಿ ನಿಂತವು. ಆ ವರ್ಷದ ಕೊನೆಯ ದಿನ ಕೊಲಾಬಾ ಸ್ಟೇಷನ್ ಮುಚ್ಚಿತು.

ನಮ್ಮ ಹಿರಿಯರು ಆ ಸ್ಟೇಷನ್ನಿನಲ್ಲಿ ಬಂದಿಳಿದವರಲ್ಲವಲ್ಲ, ನಮಗೇಕೆ ಇದು ಎಂದು ಕೆಲವರು ಕೇಳಿದ್ದಾರೆ. ನಿಜ. ಕರಾವಳಿಯವರು ಮಂಗಳೂರಿನಿಂದ ಸ್ಟೀಮರಿನಲ್ಲಿ ಬಂದರು. ಕೊಂಕಣ ರೈಲು ಪೂರ್ತಿ ಓಡಿದ್ದು 1998ರಲ್ಲಿ ತಾನೇ? ಧಾರವಾಡ, ಬೆಳಗಾವಿಯವರು ಪುಣೆ ಮೇಲೆ ವೀಟಿಗೆ (ವಿಕ್ಟೋರಿಯಾ ಟರ್ಮಿನಸ್, ಈಗಿನ ಸಿಎಸ್‌ಎಂಟಿ) ಬಂದರು. ಆದರೆ ಹಗಲು ಹೋಟೆಲಿನಲ್ಲಿ ದುಡಿದು, ರಾತ್ರಿ ಶಾಲೆಯಲ್ಲಿ ಕನ್ನಡದಲ್ಲೇ ಓದಿದ್ದು ಇದೇ ಫೋರ್ಟಿನ ಓಣಿಗಳಲ್ಲಿ. ಅವರ ಮೊಮ್ಮಕ್ಕಳು ಹುಟ್ಟಿದ್ದೇ ಇಲ್ಲಿ. ಅವರಿಗೆ ಊರು ಅಂದರೆ ಇದೇ. ಊರಿನ ಕಥೆ ಮನೆಮಾತಿನಲ್ಲಿ ಸಿಗಲಿ ಎನ್ನುವುದಷ್ಟೇ ನಮ್ಮ ಆಸೆ.

ಚಿತ್ರ, ನಕ್ಷೆ ಇರುವ 48 ಪುಟಗಳ ಪುಸ್ತಕ ಸಿದ್ಧವಾಗುತ್ತಿದೆ. ನಗರದ ಕನ್ನಡ ಶಾಲೆಗಳಿಗೆ ಪುಕ್ಕಟೆ ಹಂಚುತ್ತೇವೆ. ಬರೆಯುವವರು ನಮ್ಮ ಶಿಕ್ಷಕರೇ, ಅವರು ಸಂಭಾವನೆ ಬೇಡ ಎಂದಿದ್ದಾರೆ. ಖರ್ಚು ಬರುವುದು ಹಳೆ ಫೋಟೋಗಳ ಹಕ್ಕು, ನಕ್ಷೆ ಬಿಡಿಸುವ ಕಲಾವಿದರು ಮತ್ತು ಅಚ್ಚಿಗೆ. ಒಟ್ಟು ₹2,40,000 ಬೇಕು, 2,000 ಪ್ರತಿಗಳಿಗೆ. ಅಂದರೆ ₹120 ಕೊಟ್ಟರೆ ಒಂದು ಮಗುವಿಗೆ ಪುಸ್ತಕ, ₹4,800 ಕೊಟ್ಟರೆ 40 ಮಕ್ಕಳ ಒಂದು ತರಗತಿಗೆ. ದುಡ್ಡು ಉಳಿದರೆ ಚರ್ಚ್‌ಗೇಟಿನಿಂದ ಬಧ್ವಾರ್ ಪಾರ್ಕಿನವರೆಗೆ ಮಕ್ಕಳನ್ನು ನಡೆಸಿಕೊಂಡು ಹೋಗಿ ತೋರಿಸುವ ಕಾರ್ಯಕ್ರಮಕ್ಕೆ ಬಳಸುತ್ತೇವೆ.

ಚೆಕ್ ಅಥವಾ ನಗದು ಕೊಡುವವರು ಸಂಜೆ ಶಾಲೆಯ ಕಚೇರಿಗೆ ಬನ್ನಿ. ರಸೀದಿ ಇಲ್ಲದೆ ಯಾರಿಗೂ ಒಂದು ರೂಪಾಯಿ ಕೊಡಬೇಡಿ, ನಮ್ಮ ಹೆಸರು ಹೇಳಿಕೊಂಡು ಬಂದವರಿಗೂ. ದಾನಿಗಳ ಹೆಸರು ಪುಸ್ತಕದ ಕೊನೆಯಲ್ಲಿ ಬರುತ್ತದೆ. ಬೇಡ ಅನ್ನುವವರು ರಸೀದಿ ಬರೆಸುವಾಗಲೇ ಹೇಳಿ. ಮನೆಯಲ್ಲಿ ಹಳೆ ಬೊಂಬಾಯಿಯ ಫೋಟೋ, ಟಿಕೆಟ್, ಕಾಗದ ಏನಾದರೂ ಇದ್ದರೆ ಅದನ್ನೂ ತನ್ನಿ. ನಿಮ್ಮೆದುರೇ ಸ್ಕ್ಯಾನ್ ಮಾಡಿ ವಾಪಸ್ ಕೊಡುತ್ತೇವೆ.

ಶಾಲಾ ಟ್ರಸ್ಟಿನ ಪರವಾಗಿ
ಪುಸ್ತಕ ಸಮಿತಿ