ಕೈಗೆ ಸಿಗದ ನೋಟಿಸ್, ಮುಗಿಯದ ಕೇಸ್

ಮಾನ್ಯರೇ,

1959ರ ಸಹಕಾರ ಸಂಘಗಳ ಕಾಯ್ದೆ ಪ್ರಕಾರ ಆಡಳಿತ ಮಂಡಳಿಯ ಅವಧಿ 5 ವರ್ಷ. ಅದು ಮುಗಿಯುವ ಮೊದಲೇ ಚುನಾವಣೆ ಆಗಬೇಕು. ಹಾಸನ ತಾಲ್ಲೂಕಿನ ನಮ್ಮೂರ ಸೊಸೈಟಿಯಲ್ಲಿ ಆಗಿದ್ದೇ ಬೇರೆ. ಮಹಾಸಭೆಗೆ ಬಂದಿಲ್ಲ ಎಂದು ಅರ್ಧ ಊರನ್ನೇ ಮತದಾರರ ಪಟ್ಟಿಯಿಂದ ಕೈಬಿಟ್ಟರು. ಹೆಸರು ಕಳೆದುಕೊಂಡವರು ಹೈಕೋರ್ಟಿಗೆ ಹೋದರು, ಚುನಾವಣೆಗೆ ತಡೆಯಾಜ್ಞೆ ಬಂತು. ಹೋಗದೆ ಇನ್ನೇನು ಮಾಡ್ತಾರೆ, ಅಲ್ವಾ? ಸಭೆಯ ನೋಟಿಸೇ ಸಿಕ್ಕಿರಲಿಲ್ಲ. ನನ್ನದು ಬಂದಿದ್ದು ಸಭೆ ಮುಗಿದ ಮೂರನೇ ದಿನ, ಡೇರಿ ಹುಡುಗನ ಜೇಬಿನಲ್ಲಿ ಮಡಚಿಕೊಂಡು!

ಈಗ ಆಡಳಿತ ಮಂಡಳಿಯ ಬದಲು ನೇಮಕವಾದ ಆಡಳಿತಾಧಿಕಾರಿ ವಾರಕ್ಕೊಮ್ಮೆ ಬಂದು ಸಹಿ ಹಾಕಿ ಹೋಗುತ್ತಾರೆ. ಆಲೂಗಡ್ಡೆ ಬಿತ್ತನೆಗೆ ಸಾಲ ಕೇಳಿದರೆ ‘ಕೇಸ್ ಮುಗೀಲಿ’ ಅಂತಾರೆ ಗುಮಾಸ್ತರು. ನೋಟಿಸ್ ತಲುಪಿದ್ದಕ್ಕೆ ಸಹಿ ತೋರಿಸದೆ ಯಾರ ಹೆಸರನ್ನೂ ತೆಗೆಯಬೇಡಿ ಎಂದು ಚುನಾವಣಾಧಿಕಾರಿಗಳು ಮೊದಲೇ ಹೇಳಿಬಿಟ್ಟರೆ ಇಂಥ ಎಷ್ಟೋ ಕೇಸುಗಳು ಹುಟ್ಟುವುದೇ ಇಲ್ಲ.

– ಒಬ್ಬ ಷೇರುದಾರ ರೈತ, ಹಾಸನ